ನೀರು ಇಳಿದ ಮೇಲಿನ ಚರಿತ್ರೆ

ಪ್ರವಾಹಕ್ಕೆ ಚರಿತ್ರೆಯಲ್ಲಿ ತಾರೀಖು ಇರುತ್ತದೆ. ನದಿ ಯಾವ ದಿನ ಉಕ್ಕಿತು, ಯಾವ ಸೇತುವೆ ಮುಳುಗಿತು, ಎಷ್ಟು ಮನೆಗಳು ಬಿದ್ದವು ಎಂಬುದೆಲ್ಲ ಕಡತಗಳಲ್ಲಿ ಸೇರುತ್ತದೆ. ನೀರು ಇಳಿದ ಮೇಲೆ ಊರು ಮತ್ತೆ ಊರಾಗುವ ಕೆಲಸಕ್ಕೆ ಮಾತ್ರ ತಾರೀಖು ಇರುವುದಿಲ್ಲ. ಯಾವ ದಿನ ಮೊದಲ ಅಂಗಡಿ ಬಾಗಿಲು ತೆರೆಯಿತು, ಕೆಸರು ತುಂಬಿದ ಓಣಿಯಲ್ಲಿ ಮೊದಲ ಒಲೆ ಯಾವಾಗ ಹೊತ್ತಿತು ಎಂಬುದನ್ನು ಯಾರೂ ಬರೆದಿಡುವುದಿಲ್ಲ. ಹಾಗೆ ನೋಡಿದರೆ, ಊರೊಂದರ ನಿಜವಾದ ಶಕ್ತಿ ಕಾಣುವುದು ಈ ಎರಡನೆಯ ಕೆಲಸದಲ್ಲಿಯೇ.

ಬೆಳಗಾವಿ ಜಿಲ್ಲೆಯ ಗೋಕಾಕ, ಮೂಡಲಗಿ ಮತ್ತು ಹುಕ್ಕೇರಿ ಈ ದೃಷ್ಟಿಯಿಂದ ನೋಡಬೇಕಾದ ಊರುಗಳು. ಘಟಪ್ರಭೆ ಮತ್ತು ಅದರ ಉಪನದಿಗಳು ಈ ಮೂರೂ ತಾಲ್ಲೂಕುಗಳನ್ನು ಒಂದಕ್ಕೊಂದು ಹೆಣೆದಿವೆ. ಹುಕ್ಕೇರಿಯ ಸೀಮೆಯಲ್ಲಿ ನಿಂತ ನೀರು ಗೋಕಾಕದಲ್ಲಿ ಧುಮುಕಿ ಮೂಡಲಗಿಯ ಹೊಲಗಳಿಗೆ ಹರಿಯುತ್ತದೆ. ನದಿ ಕೊಟ್ಟದ್ದನ್ನೂ ಕಿತ್ತುಕೊಂಡದ್ದನ್ನೂ ಇಲ್ಲಿಯ ಜನ ಒಟ್ಟಿಗೇ ಅನುಭವಿಸಿದ್ದಾರೆ.

ಗುಡ್ಡ ಮತ್ತು ಹೊಳೆಯ ನಡುವೆ

ಗೋಕಾಕ ಪಟ್ಟಣ ಕುಳಿತಿರುವ ಜಾಗವೇ ಅದರ ಕಷ್ಟಕ್ಕೆ ಅರ್ಧ ಕಾರಣ. ಸಹ್ಯಾದ್ರಿಯಲ್ಲಿ ಹುಟ್ಟುವ ಘಟಪ್ರಭೆಯನ್ನು ಹುಕ್ಕೇರಿ ತಾಲ್ಲೂಕಿನ ಹಿಡಕಲ್‌ನಲ್ಲಿ ಕಟ್ಟಿದ ರಾಜಾ ಲಖಮಗೌಡ ಅಣೆಕಟ್ಟು ತಡೆದು ನಿಲ್ಲಿಸುತ್ತದೆ. 1977ರಲ್ಲಿ ಪೂರ್ಣಗೊಂಡ ಈ ಜಲಾಶಯ ಸುಮಾರು 51 ಟಿಎಂಸಿ ನೀರು ಹಿಡಿಯುತ್ತದೆ. ಆದರೆ ಸಂಕೇಶ್ವರದ ಪಕ್ಕದಲ್ಲಿ ಹರಿದುಬರುವ ಹಿರಣ್ಯಕೇಶಿ ಘಟಪ್ರಭೆಯನ್ನು ಕೂಡುವುದು ಈ ಅಣೆಕಟ್ಟಿನ ಕೆಳಗೆ. ಬೆಳಗಾವಿಯ ಕಡೆಯಿಂದ ಬರುವ ಮಾರ್ಕಂಡೇಯ ನದಿ ಗೊಡಚಿನಮಲ್ಕಿಯ ಜಲಪಾತ ದಾಟಿ ಗೋಕಾಕದ ಹತ್ತಿರ ಘಟಪ್ರಭೆಗೆ ಸೇರುತ್ತದೆ. ಅದಕ್ಕೆ ಶಿರೂರಿನಲ್ಲಿ ಬೇರೆಯದೇ ಅಣೆಕಟ್ಟು ಇದೆ. ಹೀಗಾಗಿ ಸಹ್ಯಾದ್ರಿಯಲ್ಲಿ ಮಳೆ ಒಂದೇ ಸಮನೆ ಹೊಡೆದರೆ ಮೂರು ನದಿಗಳ ನೀರು ಸ್ವಲ್ಪ ಹೆಚ್ಚು ಕಡಿಮೆ ಒಂದೇ ಹೊತ್ತಿಗೆ ಗೋಕಾಕದ ಬಾಗಿಲಿಗೆ ಬರುತ್ತದೆ. ಊರಿನ ಇನ್ನೊಂದು ಬದಿಗೆ ಗುಡ್ಡ. ನೀರಿಗೆ ಹರಡಿಕೊಳ್ಳಲು ಇರುವ ಜಾಗ ಊರಿನ ತಗ್ಗು ಓಣಿಗಳೇ.

2019ರ ಆಗಸ್ಟ್ ತಿಂಗಳಲ್ಲಿ ಆದದ್ದು ಇದೇ. ಲೋಳಸೂರ ಸೇತುವೆ ಮುಳುಗಿತು, ಹೊಳೆಯ ಬದಿಯ ಓಣಿಗಳಲ್ಲಿ ನೀರು ಮನೆಗಳ ಸೂರಿನ ಮಟ್ಟಕ್ಕೆ ಏರಿತು, ಪೇಟೆ ನಿಂತುಹೋಯಿತು. 2011ರ ಜನಗಣತಿಯ ಪ್ರಕಾರ ಸುಮಾರು 79 ಸಾವಿರ ಜನರಿದ್ದ ಪಟ್ಟಣದ ದೊಡ್ಡದೊಂದು ಭಾಗ ಕೆಲವು ದಿನ ಕೆರೆಯಾಯಿತು. ಅದೇ ವರ್ಷದ ಅಕ್ಟೋಬರಿನಲ್ಲಿ, ಕೆಸರು ಬಳಿದು ಮುಗಿಯುವ ಮುನ್ನವೇ, ಮತ್ತೆ ಸುರಿದ ಮಳೆಗೆ ಮಲ್ಲಿಕಾರ್ಜುನ ಗುಡ್ಡದ ಭಾರಿ ಬಂಡೆಗಳು ಸಡಿಲಗೊಂಡು ಕೆಳಗಿನ ಮನೆಗಳ ಮೇಲೆ ಉರುಳುವ ಭಯ ಹುಟ್ಟಿತು. ಬಂಡೆ ಒಡೆಯಲು ರಾಷ್ಟ್ರೀಯ ವಿಪತ್ತು ನಿರ್ವಹಣಾ ಪಡೆಯ ಸಿಬ್ಬಂದಿ ಗುಡ್ಡ ಹತ್ತಬೇಕಾಯಿತು. ಒಂದು ಕಡೆ ನೀರು, ಇನ್ನೊಂದು ಕಡೆ ಕಲ್ಲು. 2021ರ ಜುಲೈ ಮತ್ತು 2024ರ ಜುಲೈ ತಿಂಗಳಲ್ಲಿ ಲೋಳಸೂರ ಸೇತುವೆ ಮತ್ತೆ ನೀರಿನಡಿಗೆ ಹೋಯಿತು. ಐದು ವರ್ಷಗಳಲ್ಲಿ ಮೂರು ಬಾರಿ ಮನೆ ತೊಳೆದ ಜನರ ಊರು ಇದು.

ಕ್ಯಾಮೆರಾ ಏನು ನೋಡುತ್ತದೆ?

ಇಂಥ ಊರಿನ ದಿನಚರಿಯನ್ನು ದಾಖಲಿಸುವುದು ಹೇಗೆ? ಪತ್ರಿಕೆಯ ವರದಿ ಮುಳುಗಡೆಯ ದಿನ ಬಂದು ಹೋಗುತ್ತದೆ. ಸರ್ಕಾರದ ಕಡತ ನಷ್ಟವನ್ನು ಎಣಿಸುತ್ತದೆ. ಉಳಿದದ್ದನ್ನು ಹಿಡಿಯಲು ಇಪ್ಪತ್ತನೆಯ ಶತಮಾನ ಕಂಡುಕೊಂಡ ಒಂದು ಸಾಧನ ಸಾಕ್ಷ್ಯಚಿತ್ರ. ಅದರಲ್ಲೂ ಏನನ್ನೂ ವಿವರಿಸದೆ ಸುಮ್ಮನೆ ನಿಂತು ನೋಡುವ ಕಿರುಚಿತ್ರ.

ಸಿನಿಮಾದ ಹುಟ್ಟೇ ಇಂಥ ನೋಟದಿಂದ ಆಯಿತೆಂಬುದು ಗಮನಿಸಬೇಕಾದ ಸಂಗತಿ. ಫ್ರಾನ್ಸಿನ ಲುಮಿಯೇರ್ ಸಹೋದರರು 1895ರಲ್ಲಿ ತೆಗೆದ ಮೊದಮೊದಲ ಚಿತ್ರಗಳಲ್ಲೊಂದು ಲಿಯಾನ್ ನಗರದ ತಮ್ಮ ಕಾರ್ಖಾನೆಯ ಬಾಗಿಲಿನಿಂದ ಕಾರ್ಮಿಕರು ಹೊರಬರುವ ದೃಶ್ಯ. ಒಂದು ನಿಮಿಷವೂ ಇಲ್ಲದ ಈ ಚಿತ್ರದಲ್ಲಿ ರಾಜನಿಲ್ಲ, ಯುದ್ಧವಿಲ್ಲ. ಕೆಲಸ ಮುಗಿಸಿ ಮನೆಗೆ ಹೊರಟ ಹೆಂಗಸರು, ಗಂಡಸರು, ಒಂದು ನಾಯಿ. 1929ರಲ್ಲಿ ಹಾಲೆಂಡಿನ ಯೋರಿಸ್ ಈವೆನ್ಸ್ ಆಮ್‌ಸ್ಟರ್‌ಡ್ಯಾಮ್ ನಗರದ ಮೇಲೆ ಮಳೆ ಬಂದು ಹೋಗುವುದನ್ನಷ್ಟೇ ಇಟ್ಟುಕೊಂಡು ‘ಮಳೆ’ ಎಂಬ ಅರ್ಥದ ಹೆಸರಿನ ಕಿರುಚಿತ್ರ ಮಾಡಿದರು. ಕೊಡೆ ಬಿಚ್ಚುವ ಕೈ, ಟ್ರಾಮಿನ ಗಾಜಿನ ಮೇಲೆ ಜಾರುವ ಹನಿ, ಕಾಲುವೆಯ ನೀರಿನಲ್ಲಿ ಏಳುವ ಉಂಗುರ ಇವೇ ಅದರ ಕಥೆ.

ಭಾರತದಲ್ಲಿ ಸಾಕ್ಷ್ಯಚಿತ್ರ ಹೆಚ್ಚಾಗಿ ಬೆಳೆದದ್ದು 1948ರಲ್ಲಿ ಆರಂಭವಾದ ಫಿಲ್ಮ್ಸ್ ಡಿವಿಷನ್ ಆಶ್ರಯದಲ್ಲಿ. ಟೆಂಟು, ಟಾಕೀಸುಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ಅದರ ಚಿತ್ರಗಳನ್ನು ಕಡ್ಡಾಯವಾಗಿ ತೋರಿಸುವ ಕಾಲವಿತ್ತು. ಅಣೆಕಟ್ಟು, ಕಾಲುವೆ, ಕಾರ್ಖಾನೆಗಳ ಮೇಲೆ ಗಂಭೀರವಾದ ಧ್ವನಿಯೊಂದು ಮಾತಾಡುತ್ತ ಹೋಗುವ ಆ ಚಿತ್ರಗಳನ್ನು ಒಂದು ತಲೆಮಾರು ಇಂದಿಗೂ ನೆನಪಿಟ್ಟಿದೆ. 2022ರಲ್ಲಿ ಆ ಸಂಸ್ಥೆಯನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನಗೊಳಿಸಲಾಯಿತು. ಆ ಧ್ವನಿ ಹೇಳುತ್ತಿದ್ದುದು ದೇಶದ ಕಥೆ. ಓಣಿಯ ಕಥೆ ಕೇಳಬೇಕಾದರೆ ಆ ಧ್ವನಿ ಸ್ವಲ್ಪ ಹೊತ್ತು ಸುಮ್ಮನಾಗಬೇಕು. ಕೈಗಳು ಮಾಡುವ ಕೆಲಸವನ್ನು ಕ್ಯಾಮೆರಾ ನೋಡಬೇಕು. ಗೋಕಾಕದಲ್ಲಿ ಅಂಥ ನೋಟಕ್ಕೆ ಮೊದಲು ಸಿಗುವುದೂ ಒಂದು ಗಿರಣಿಯ ಬಾಗಿಲೇ.

ಗಿರಣಿಯ ಗಡಿಯಾರ

ಲುಮಿಯೇರ್ ಸಹೋದರರು ಕ್ಯಾಮೆರಾ ಹಿಡಿಯುವ ಹೊತ್ತಿಗೆ ಗೋಕಾಕ ಜಲಪಾತದ ನೆತ್ತಿಯ ಮೇಲೆ ನೂಲಿನ ಗಿರಣಿ ನಡೆಯಲು ಶುರುವಾಗಿ ಎಂಟು ವರ್ಷಗಳಾಗಿದ್ದವು. 1885ರಲ್ಲಿ ಕಂಪನಿ ಸ್ಥಾಪನೆಯಾಗಿ 1887ರಲ್ಲಿ ಗಿರಣಿ ಕೆಲಸ ಆರಂಭಿಸಿತು. ಸುಮಾರು 170 ಅಡಿ ಆಳಕ್ಕೆ ಧುಮುಕುವ ನೀರಿನ ಬಲವನ್ನು ಯಂತ್ರಕ್ಕೆ ಹೂಡಿದ್ದು ಇದರ ವಿಶೇಷ. ದೇಶದಲ್ಲಿ ನೀರಿನಿಂದ ವಿದ್ಯುತ್ ತೆಗೆದ ಮೊದಲ ತಾಣಗಳ ಮಾತು ಬಂದಾಗಲೆಲ್ಲ ಗೋಕಾಕದ ಹೆಸರು ಬರುವುದು ಈ ಕಾರಣದಿಂದ. ನದಿಯ ಮೇಲೆ ಕಟ್ಟಿದ ಸುಮಾರು 200 ಮೀಟರ್ ಉದ್ದದ ತೂಗುಸೇತುವೆ ಆ ಕಾಲದ ಇನ್ನೊಂದು ಗುರುತು.

ಗಿರಣಿ ಬಂದ ಮೇಲೆ ಊರಿಗೆ ಹೊಸದೊಂದು ಗಡಿಯಾರ ಬಂತು. ಹೊಲದ ಕೆಲಸಕ್ಕೆ ಸೂರ್ಯನ ಲೆಕ್ಕ. ಗಿರಣಿಗೆ ಭೋಂಗಾದ ಲೆಕ್ಕ. ಪಾಳಿಯ ಪ್ರಕಾರ ಒಲೆ ಹಚ್ಚುವ, ಪಾಳಿಯ ಪ್ರಕಾರ ಮಕ್ಕಳನ್ನು ಮಲಗಿಸುವ ಮನೆಗಳು ಹುಟ್ಟಿಕೊಂಡವು. ಸುತ್ತಲಿನ ಹಳ್ಳಿಗಳಲ್ಲಿ ಮಳೆ ಕೈಕೊಟ್ಟ ವರ್ಷ ಗಿರಣಿಯ ಸಂಬಳವೇ ಮನೆಯನ್ನು ಹಿಡಿದು ನಿಲ್ಲಿಸುವಂತಾಯಿತು.

ಈ ಕಥೆಯಲ್ಲಿ ಕಹಿಯೂ ಉಂಟು. ಬ್ರಿಟಿಷ್ ಸರ್ಕಾರ ಕೆಲವು ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಹೆಸರಿಟ್ಟು, ಬೇಲಿಯೊಳಗಿನ ವಸಾಹತುಗಳಲ್ಲಿ ಕೂಡಿಹಾಕಿ, ಗಿರಣಿ ಮತ್ತು ರೈಲ್ವೆ ಕೆಲಸಗಳಿಗೆ ಹಚ್ಚಿತು. ಮುಂಬಯಿ ಪ್ರಾಂತದ ಅಂಥ ವಸಾಹತುಗಳಲ್ಲಿ ಗೋಕಾಕ ಫಾಲ್ಸ್ ಕೂಡ ಒಂದು. ಆ ಕಾನೂನು ದೇಶದಾದ್ಯಂತ ರದ್ದಾದದ್ದು 1952ರಲ್ಲಿ. ಕಾನೂನು ಹೋದರೂ ಅದು ಅಂಟಿಸಿದ ಹೆಸರು ಬೇಗ ಹೋಗಲಿಲ್ಲ. ದಿನವೂ ಹಾಜರಿ ಕೊಟ್ಟು, ಅಪ್ಪಣೆ ಪಡೆದು ಓಡಾಡಬೇಕಾಗಿದ್ದ ಜನ ನೂಲು ತೆಗೆದು ಮಕ್ಕಳನ್ನು ಶಾಲೆಗೆ ಕಳಿಸಿದ್ದು ಈ ಸೀಮೆಯ ಬರೆಯದ ಚರಿತ್ರೆಯ ದೊಡ್ಡ ಅಧ್ಯಾಯ. ಪ್ರವಾಹಕ್ಕಿಂತ ಕಠಿಣವಾದ ಇಂಥ ಪರೀಕ್ಷೆಯನ್ನು ಮನುಷ್ಯರೇ ತಂದಿಟ್ಟರೆಂಬುದನ್ನು ಮರೆಯಬಾರದು.

ತಡಿ ಮಾಡುವವರು ಗೊಂಬೆ ಮಾಡಿದರು

ಗೋಕಾಕದ ಹೆಸರನ್ನು ದೂರದೂರಿಗೆ ಒಯ್ದ ಇನ್ನೆರಡು ವಸ್ತುಗಳು ಮರದ ಗೊಂಬೆ ಮತ್ತು ಕರದಂಟು. ಗೊಂಬೆ ಮಾಡುವವರು ಜೀನಗಾರರು. ಜೀನು ಎಂದರೆ ಕುದುರೆಯ ಬೆನ್ನಿಗೆ ಹಾಕುವ ತಡಿ. ರಾಜರು, ದೇಸಾಯರು, ಅವರ ಕುದುರೆಗಳು ಇದ್ದ ಕಾಲದ ಕಸುಬು ಹೆಸರಿನಲ್ಲಿ ಉಳಿದಿದೆ. ಕುದುರೆ ಹೋಯಿತು, ಕೈಯೊಳಗಿನ ಕುಸುರಿ ಹೋಗಲಿಲ್ಲ. ಹಗುರವಾದ ಕಟ್ಟಿಗೆಯನ್ನು ಕೆತ್ತಿ, ನುಣುಪು ಮಾಡಿ, ಬಿಳಿಯ ಲೇಪ ಕೊಟ್ಟು, ಮೇಲೆ ಬಣ್ಣ ಹಚ್ಚಿದಾಗ ಮಾವು, ಬಾಳೆ, ಬದನೆ, ಗಿಳಿ, ದೇವರು, ದಂಪತಿ ಎಲ್ಲವೂ ಮೂಡುತ್ತವೆ. ತಟ್ಟೆಯಲ್ಲಿಟ್ಟ ಗೋಕಾಕದ ಹಣ್ಣನ್ನು ನಿಜವೆಂದು ನಂಬಿ ಕೈಹಾಕಿದವರ ಕಥೆ ಈ ಭಾಗದ ಮನೆಮನೆಯಲ್ಲೂ ಸಿಗುತ್ತದೆ.

ಕರದಂಟಿನ ಹೆಸರೇ ಅದರ ರೀತಿಯನ್ನು ಹೇಳುತ್ತದೆ: ಕರಿದ ಅಂಟು. ಗಿಡದ ಅಂಟನ್ನು ತುಪ್ಪದಲ್ಲಿ ಹಾಕಿದರೆ ಅದು ಅರಳಿಕೊಳ್ಳುತ್ತದೆ. ಬೆಲ್ಲದ ಪಾಕ, ಒಣಕೊಬ್ಬರಿ, ಉತ್ತತ್ತಿ, ಗೋಡಂಬಿ, ಬಾದಾಮಿ ಸೇರಿಸಿ ತಟ್ಟಿ ಕತ್ತರಿಸಿದರೆ ಬಹುದಿನ ಕೆಡದ ತಿನಿಸು ಸಿದ್ಧ. ಬಾಣಂತಿಗೆ ಕೊಡುವ ಅಂಟಿನ ಉಂಡೆಯ ಅಡುಗೆಯರಿವೇ ಇಲ್ಲಿ ಪೇಟೆಯ ಪದಾರ್ಥವಾಗಿದೆ. ಗರಡಿ ಮನೆಯ ಪೈಲವಾನರಿಗೂ ಇದು ಪ್ರಿಯ. ಅಮೀನಗಡದ ಕರದಂಟಿಗೂ ಗೋಕಾಕದ ಕರದಂಟಿಗೂ ಯಾವುದು ಹೆಚ್ಚು ಎಂಬ ವಾದ ಉತ್ತರ ಕರ್ನಾಟಕದಲ್ಲಿ ಮುಗಿಯುವಂಥದ್ದಲ್ಲ.

ಈ ಎರಡೂ ಕಸುಬುಗಳಿಗೆ ನೀರು ಶತ್ರು. ತೇವ ಕುಡಿದ ಕಟ್ಟಿಗೆ ಉಬ್ಬಿ ಸೀಳುತ್ತದೆ, ಲೇಪ ಏಳುತ್ತದೆ. ಬೆಲ್ಲ, ಕೊಬ್ಬರಿ, ಅಂಟು ಒಮ್ಮೆ ನೆನೆದರೆ ಚೆಲ್ಲುವುದೊಂದೇ ದಾರಿ. ಆದರೆ ಈ ಕಸುಬುಗಳ ಬಂಡವಾಳದ ಮುಖ್ಯ ಭಾಗ ಗೋದಾಮಿನಲ್ಲಿ ಇರುವುದಿಲ್ಲ. ಪಾಕ ಯಾವಾಗ ಬಂತೆಂದು ನೋಡಿಯೇ ತಿಳಿಯುವ ಕಣ್ಣಿನಲ್ಲಿ, ಉಳಿ ಹಿಡಿದ ಬೆರಳಿನಲ್ಲಿ ಇರುತ್ತದೆ. ಅದನ್ನು ಹೊಳೆ ಒಯ್ಯಲಾರದು. ಅದನ್ನು ಒಯ್ಯುವುದು ಮಾರುಕಟ್ಟೆ. ಅಗ್ಗದ ಪ್ಲಾಸ್ಟಿಕ್ ಗೊಂಬೆಗಳು ಬಂದ ಮೇಲೆ ಜೀನಗಾರರ ಮಕ್ಕಳು ಬೇರೆ ಕೆಲಸ ಹಿಡಿದಿದ್ದಾರೆ. ನೆರೆ ನುಂಗಲಾರದ್ದನ್ನು ಪೇಟೆ ಸದ್ದಿಲ್ಲದೆ ನುಂಗುತ್ತದೆ.

ಹುಕ್ಕೇರಿಯ ದೀಪ

ಹುಕ್ಕೇರಿಯ ಹೆಸರು ‘ಹೂವಿನ ಕೇರಿ’ಯಿಂದ ಬಂತೆಂಬುದು ರೂಢಿಯ ಮಾತು. ಆದಿಲಶಾಹಿ ಕಾಲದ ಗುಮ್ಮಟಗಳು ಊರಿನ ಹಳೆಯ ವೈಭವವನ್ನು ಹೇಳುತ್ತವೆ. ಆದರೆ ಜನರ ದಿನನಿತ್ಯದ ಬದುಕಿಗೆ ಸಂಬಂಧಿಸಿದಂತೆ ಹುಕ್ಕೇರಿಯ ದೊಡ್ಡ ಸಾಧನೆ ಆಧುನಿಕ ಕಾಲದ್ದು. 1969ರಲ್ಲಿ ಇಲ್ಲಿ ಗ್ರಾಮೀಣ ವಿದ್ಯುತ್ ಸಹಕಾರ ಸಂಘ ಹುಟ್ಟಿತು. ಅಮೆರಿಕದ ಹಳ್ಳಿಗಳಲ್ಲಿ ರೈತರೇ ಸಂಘ ಕಟ್ಟಿಕೊಂಡು ವಿದ್ಯುತ್ ತಂತಿ ಎಳೆದ ಮಾದರಿಯನ್ನು ಭಾರತದಲ್ಲಿ ಪ್ರಯೋಗಿಸಲು ಆಗ ಐದು ಕಡೆ ಆರಿಸಲಾಗಿತ್ತು: ಆಂಧ್ರದ ಸಿರಿಸಿಲ್ಲ, ಗುಜರಾತಿನ ಕೋಡಿನಾರ್, ಮಹಾರಾಷ್ಟ್ರದ ಮುಳಾ-ಪ್ರವರಾ, ಉತ್ತರ ಪ್ರದೇಶದ ಲಖನೌ ಮತ್ತು ಕರ್ನಾಟಕದ ಹುಕ್ಕೇರಿ. ಇಲ್ಲಿ ಅದರ ಮುಂದಾಳುತನ ವಹಿಸಿದವರು ಸಹಕಾರಿ ಧುರೀಣ ಅಪ್ಪಣಗೌಡ ಪಾಟೀಲರು.

ವ್ಯವಸ್ಥೆ ಸರಳ. ಗ್ರಾಹಕನೇ ಸದಸ್ಯ, ಸದಸ್ಯನೇ ಮಾಲೀಕ. ಸಂಘ ವಿದ್ಯುತ್ತನ್ನು ಸಗಟಾಗಿ ಕೊಂಡು ತಾಲ್ಲೂಕಿನ ಮನೆ, ಪಂಪ್‌ಸೆಟ್, ಅಂಗಡಿಗಳಿಗೆ ಹಂಚುತ್ತದೆ. ಕಂಬ ಬಿದ್ದರೆ ಕೇಳಬೇಕಾದ ಕಚೇರಿ ದೂರದ ನಗರದಲ್ಲಿಲ್ಲ, ಸ್ವಂತ ಊರಿನಲ್ಲಿದೆ. ಐದರಲ್ಲಿ ಮುಳಾ-ಪ್ರವರಾ ಸಂಘ 2011ರಲ್ಲಿ ವಿತರಣೆಯ ಹಕ್ಕನ್ನು ಕಳೆದುಕೊಂಡಿತು. ಹುಕ್ಕೇರಿಯ ಸಂಘ ಅರ್ಧ ಶತಮಾನ ದಾಟಿ ನಡೆದಿದೆ. 2025ರ ಸೆಪ್ಟೆಂಬರಿನಲ್ಲಿ ನಡೆದ ಅದರ ಆಡಳಿತ ಮಂಡಳಿಯ ಚುನಾವಣೆ ಜಿಲ್ಲೆಯ ರಾಜಕಾರಣದ ಬಲಾಬಲ ಪರೀಕ್ಷೆಯೇ ಆಗಿಬಿಟ್ಟಿತು. ಸಹಕಾರ ಸಂಘವೊಂದು ರಾಜಕಾರಣಿಗಳ ಕಣವಾಗುವುದು ಅಪಾಯವೂ ಹೌದು, ಅದು ಇನ್ನೂ ಬೆಲೆಯುಳ್ಳದ್ದೆಂಬ ಸೂಚನೆಯೂ ಹೌದು.

ಹುಕ್ಕೇರಿ ತಾಲ್ಲೂಕು ಇನ್ನೊಂದು ಬಗೆಯ ನಷ್ಟವನ್ನೂ ಬಲ್ಲದು. ಹಿಡಕಲ್ ಜಲಾಶಯದ ಹಿನ್ನೀರಿನಲ್ಲಿ ಹುನ್ನೂರು ಮುಳುಗಿತು. ಬೇಸಗೆಯಲ್ಲಿ ನೀರು ತಳ ಕಂಡಾಗ ಹಳೆಯ ಊರಿನ ವಿಠ್ಠಲ ಮಂದಿರ ಮೇಲೆದ್ದು ಕಾಣುತ್ತದೆ. ಜನ ಹೋಗಿ ಕೈಮುಗಿದು ಬರುತ್ತಾರೆ. ಮಳೆಗಾಲದ ನೆರೆ ಬಂದು ಹೋಗುತ್ತದೆ. ಅಣೆಕಟ್ಟಿನ ನೀರು ಬಂದು ನಿಲ್ಲುತ್ತದೆ. ಕೆಳಗಿನ ಸೀಮೆಯ ಹಸಿರಿಗಾಗಿ ಊರು ಬಿಟ್ಟವರು ಹೊಸ ಜಾಗದಲ್ಲಿ ಹಳೆಯ ಊರಿನ ಹೆಸರು, ದೇವರು, ಸಂಬಂಧಗಳನ್ನು ಮತ್ತೆ ಕಟ್ಟಿಕೊಳ್ಳಬೇಕಾಯಿತು.

ಮೂಡಲಗಿಯ ಸಂತೆ, ಕುಲಗೋಡದ ಆಟ

1876–78ರ ಭೀಕರ ಬರ ಮುಂಬಯಿ ಪ್ರಾಂತದ ಈ ಭಾಗವನ್ನು ಹಿಂಡಿ ಹಾಕಿತ್ತು. ಅದರ ನಂತರದ ದಶಕಗಳಲ್ಲಿ ನೀರಾವರಿ ಯೋಜನೆಗಳಿಗೆ ಬಲ ಬಂದು, 1897ರಲ್ಲಿ ಘಟಪ್ರಭೆಗೆ ಧೂಪದಾಳದಲ್ಲಿ ಒಡ್ಡು ಬಿತ್ತು. ಅಲ್ಲಿಂದ ಹೊರಟ ಎಡದಂಡೆ ಕಾಲುವೆ ಮುಂದೆ ವಿಸ್ತಾರಗೊಂಡು, ಮೂಡಲಗಿ ಸೀಮೆಯ ಒಣ ಎರೆನೆಲದಲ್ಲಿ ಕಬ್ಬು ನಿಂತಿತು. ಮೂಡಲಗಿಯ ದನದ ಸಂತೆ ದೂರದ ಊರುಗಳಿಂದಲೂ ಜನರನ್ನು ಎಳೆಯುವಂಥದ್ದು. ಬರ ಬಂದರೆ ಮೊದಲು ತಿಳಿಯುವುದು ಸಂತೆಗೆ: ಮೇವಿಲ್ಲದೆ ಎತ್ತು ಮಾರಲು ಬರುವವರು ಹೆಚ್ಚುತ್ತಾರೆ, ಬೆಲೆ ಇಳಿಯುತ್ತದೆ. ಮಳೆ ಬಂದರೆ ಅದೇ ರೈತ ಮತ್ತೆ ಕೊಳ್ಳಲು ಬರುತ್ತಾನೆ. ಹಿಂದಿನ ವರ್ಷ ಮಾರಿದ ಜೋಡಿಗಿಂತ ಹೆಚ್ಚು ಬೆಲೆ ಕೊಟ್ಟು ಹೊಸ ಜೋಡಿ ಹಿಡಿಯುತ್ತಾನೆ. ಚೇತರಿಕೆ ಎಂಬುದಕ್ಕೂ ಒಂದು ಬೆಲೆಯಿದೆಯೆಂದು ಸಂತೆಯಷ್ಟು ನೇರವಾಗಿ ಬೇರೆ ಯಾವುದೂ ಹೇಳಲಾರದು.

ತಾಲ್ಲೂಕು ಕಚೇರಿಗಾಗಿ ಗೋಕಾಕಕ್ಕೆ ಓಡಾಡುತ್ತಿದ್ದ ಈ ಜನ ಸ್ವಂತ ತಾಲ್ಲೂಕಿಗಾಗಿ ಬಹುಕಾಲ ಹೋರಾಡಿದರು. 2017ರಲ್ಲಿ ಹೊಸ ತಾಲ್ಲೂಕುಗಳ ಪಟ್ಟಿಯಿಂದ ಮೂಡಲಗಿಯ ಹೆಸರು ಬಿಟ್ಟುಹೋದಾಗ ಊರು ಬೀದಿಗಿಳಿಯಿತು. ಕೊನೆಗೆ ಹೆಸರು ಸೇರಿ 2018ರಲ್ಲಿ ತಾಲ್ಲೂಕು ರೂಪುಗೊಂಡಿತು. ಮರುವರ್ಷವೇ ಸುಣಧೋಳಿ, ಮಸಗುಪ್ಪಿ, ಪಟಗುಂದಿಯಂಥ ಹೊಳೆದಂಡೆಯ ಊರುಗಳಿಗೆ ನೀರು ನುಗ್ಗಿತು. ಹೊಸ ತಾಲ್ಲೂಕಿಗೆ ಎದುರಾದ ಮೊದಲ ದೊಡ್ಡ ಪರೀಕ್ಷೆ ಅದು.

ಈ ತಾಲ್ಲೂಕಿನ ಕುಲಗೋಡ ಇನ್ನೊಂದು ಕಾರಣಕ್ಕೆ ಪ್ರಸಿದ್ಧ. ಅಪರಾಳ ತಮ್ಮಣ್ಣನ ರಚನೆಯಾದ ಶ್ರೀಕೃಷ್ಣ ಪಾರಿಜಾತವನ್ನು ಜನಮೆಚ್ಚುವ ಬಯಲಾಟವಾಗಿ ಬೆಳೆಸಿದವನು ಕುಲಗೋಡ ತಮ್ಮಣ್ಣ. ಕೌಜಲಗಿ ನಿಂಗಮ್ಮ ಹೆಂಗಸರು ರಂಗಕ್ಕೆ ಬರುವುದೇ ಅಪರೂಪವಾಗಿದ್ದ ಕಾಲದಲ್ಲಿ ಆ ಆಟದಿಂದ ಮನೆಮಾತಾದರು. ಕಥೆ ಸತ್ಯಭಾಮೆ, ರುಕ್ಮಿಣಿಯರದಾದರೂ ಮಾತು ಸಂತೆಯದು. ಗೊಲ್ಲತಿ, ಕೊರವಂಜಿ, ದೂತಿಯರ ಬಾಯಲ್ಲಿ ಆ ವರ್ಷದ ಬೆಲೆ, ಆ ಊರಿನ ಗೌಡ, ಆ ಓಣಿಯ ಜಗಳ ಎಲ್ಲವೂ ಬರುತ್ತವೆ. ಕ್ಯಾಮೆರಾ ಬರುವ ಮುಂಚೆ ಊರು ತನ್ನನ್ನು ತಾನೇ ನೋಡಿಕೊಳ್ಳಲು ಇಟ್ಟುಕೊಂಡ ಕನ್ನಡಿ ಅದು. ಬೆಳಗಿನವರೆಗೆ ಕುಳಿತು ತಮ್ಮದೇ ಫಜೀತಿಯನ್ನು ನೋಡಿ ನಕ್ಕವರು ಮರುದಿನ ಹೊಲಕ್ಕೆ ಹೋಗುತ್ತಿದ್ದರು.

ಹೊಗಳಿಕೆಯ ಇನ್ನೊಂದು ಮುಖ

ಪ್ರವಾಹದ ನಂತರ ಪೇಟೆ ತೆರೆದ ಕೂಡಲೇ ‘ಈ ಜನ ಗಟ್ಟಿ, ಏನೇ ಬಂದರೂ ಎದ್ದು ನಿಲ್ಲುತ್ತಾರೆ’ ಎಂಬ ಮಾತು ಕೇಳಿಬರುತ್ತದೆ. ಮಾತು ಸುಳ್ಳಲ್ಲ. ಆದರೆ ಅದನ್ನು ಹೇಳುವವರು ಯಾರೆಂದು ನೋಡಬೇಕು. ನೆರೆ ಕಂಡವನು ತನ್ನ ಬಗ್ಗೆ ಹಾಗೆ ಹೇಳಿಕೊಂಡರೆ ಅದು ಧೈರ್ಯ. ಅಧಿಕಾರದಲ್ಲಿ ಇದ್ದವರು ಹೇಳಿದರೆ ಅದು ಹೊಣೆ ಜಾರಿಸುವ ಮಾತೂ ಆಗಬಹುದು. ಎದ್ದು ನಿಲ್ಲಬಲ್ಲವನನ್ನು ಮತ್ತೆ ಮತ್ತೆ ಬೀಳಿಸಬಹುದು ಎಂಬ ಅರ್ಥ ಅದಕ್ಕಿಲ್ಲ.

2019ರ ಪ್ರವಾಹದಲ್ಲಿ ರಾಜ್ಯ ಸರ್ಕಾರ ಸಂತ್ರಸ್ತ ಕುಟುಂಬಕ್ಕೆ ತುರ್ತಾಗಿ 10 ಸಾವಿರ ರೂಪಾಯಿ, ಪೂರ್ತಿ ಬಿದ್ದ ಮನೆಗೆ 5 ಲಕ್ಷ ರೂಪಾಯಿ ಘೋಷಿಸಿತು. ಅನೇಕರಿಗೆ ಅದರಿಂದ ಗೋಡೆ ಎದ್ದಿತು. ಆದರೆ ಪರಿಹಾರದ ಲೆಕ್ಕ ಗೋಡೆಯಿಂದ ಶುರುವಾಗುತ್ತದೆ, ಹೆಸರಿನಲ್ಲಿ ಉತಾರ ಉಳ್ಳವನಿಂದ ಶುರುವಾಗುತ್ತದೆ. ಬಾಡಿಗೆಯ ಖೋಲಿಯಲ್ಲಿ ಹೊಲಿಗೆ ಯಂತ್ರ ಇಟ್ಟುಕೊಂಡವಳಿಗೆ, ಕೈಗಾಡಿಯನ್ನು ಹೊಳೆಗೆ ಕೊಟ್ಟವನಿಗೆ, ಬಣ್ಣ ಮತ್ತು ಕಟ್ಟಿಗೆ ಕಳೆದುಕೊಂಡ ಕುಶಲಕರ್ಮಿಗೆ ಆ ಲೆಕ್ಕದಲ್ಲಿ ಸರಿಯಾದ ಕಾಲಂ ಸಿಗುವುದು ಕಷ್ಟ. ಅವರು ಎದ್ದು ನಿಂತದ್ದು ಅಂಗಡಿಯ ಉದ್ದರಿ, ಸಂಘದ ಸಾಲ, ಬೀಗರ ಮನೆಯ ಜೋಳದ ಚೀಲ, ಪಕ್ಕದ ಓಣಿಯ ಸಾಮೂಹಿಕ ಅಡುಗೆಯ ಬಲದಿಂದ. ಆ ಸಾಲ ತೀರುವ ಮೊದಲೇ ಮುಂದಿನ ನೆರೆ ಬಂದರೆ ಈ ಆಸರೆಗಳೂ ಸವೆಯುತ್ತವೆ.

ಆದ್ದರಿಂದ ಗೋಕಾಕ, ಮೂಡಲಗಿ, ಹುಕ್ಕೇರಿಗಳ ತಾಳಿಕೆಯನ್ನು ಜನರ ಹುಟ್ಟುಗುಣವೆಂದು ಹೇಳಿ ಮುಗಿಸಲಾಗದು. ಬರದ ನೆನಪಿನಲ್ಲಿ ಕಟ್ಟಿದ ಒಡ್ಡು, ಸದಸ್ಯರ ಷೇರಿನಿಂದ ಹತ್ತಿದ ದೀಪ, ತಡಿಯಿಂದ ಗೊಂಬೆಗೆ ತಿರುಗಿದ ಕೈ, ಹೋರಾಡಿ ಪಡೆದ ಕಚೇರಿ ಇವೆಲ್ಲ ಕಾಲಕಾಲಕ್ಕೆ ಯಾರೋ ಶ್ರಮವಹಿಸಿ ಕಟ್ಟಿದವು. ಕಟ್ಟಿದ್ದು ಸವೆಯುತ್ತದೆ, ಸವೆದದ್ದನ್ನು ದುರಸ್ತಿ ಮಾಡಬೇಕಾಗುತ್ತದೆ. ಎತ್ತರದ ಸೇತುವೆ, ಮೂರೂ ನದಿಗಳ ನೀರನ್ನು ಒಂದೇ ಲೆಕ್ಕದಲ್ಲಿ ಹಿಡಿಯುವ ಮುನ್ಸೂಚನೆ, ತಗ್ಗಿನ ಓಣಿಯವರಿಗೆ ಅವರ ದುಡಿಮೆಯಿಂದ ದೂರವಾಗದ ಎತ್ತರದ ಜಾಗ ಇವು ಆ ದುರಸ್ತಿಯ ಭಾಗಗಳೇ. ಪ್ರತಿ ಮಳೆಗಾಲ ಬಂದಾಗ ಲೋಳಸೂರ ಸೇತುವೆಯ ಮೇಲೆ ನಿಂತು ನೀರಿನ ಮಟ್ಟ ನೋಡುವ ಜನರಿಗೆ ಬೇಕಾದದ್ದು ತಮ್ಮ ಧೈರ್ಯದ ಪ್ರಶಂಸೆಯಲ್ಲ, ಆ ಧೈರ್ಯವನ್ನು ಪದೇ ಪದೇ ಖರ್ಚು ಮಾಡದೆ ಬದುಕುವ ಅನುಕೂಲ.